ಟಾಮ್ ಕ್ರೂಸ್ ಹಿಂದೆ ನಿಂತಿದ್ದ ಆ ಮೂಕ ಸಮುರಾಯ್ ಯಾರು? ಸೇಜೋ ಫುಕುಮೊತೊ ಬಗ್ಗೆ ಮಾತಾಡೋಣ ಬನ್ನಿ

ರಾತ್ರಿಶೋ

ಮೊನ್ನೆ ‘ದಿ ಲಾಸ್ಟ್ ಸಮುರಾಯ್’ ಮತ್ತೆ ನೋಡಿದೆ. 2003ರ ಚಿತ್ರ, ನಿಮ್ಮಲ್ಲಿ ಬಹಳ ಜನ ನೋಡಿರುತ್ತೀರಿ. ಈ ಸಲ ನನ್ನ ಕಣ್ಣು ಟಾಮ್ ಕ್ರೂಸ್ ಮೇಲೆ ನಿಲ್ಲಲೇ ಇಲ್ಲ. ಅವನು ಹೋದಲ್ಲೆಲ್ಲ ಹಿಂದೆ ಹಿಂದೆ ಬರುವ ಒಬ್ಬ ಮುದುಕ ಸಮುರಾಯ್ ಇದ್ದಾನಲ್ಲ, ಅವನನ್ನೇ ನೋಡುತ್ತಾ ಕೂತೆ. ಕುಳಿ ಬಿದ್ದ ಕೆನ್ನೆ, ಚೂಪು ಕಣ್ಣು, ಬಾಯಿ ಬಿಡುವುದೇ ಇಲ್ಲ. ಎಷ್ಟು ಮಾತಾಡಿಸಿದರೂ ಉತ್ತರ ಬರದೆ ಕ್ರೂಸೇ ಅವನಿಗೆ ‘ಬಾಬ್’ ಅಂತ ಹೆಸರಿಡುತ್ತಾನೆ. ಕೊನೆಯ ಯುದ್ಧದಲ್ಲಿ ಮಾತ್ರ ಒಂದೇ ಸಲ “ಆಲ್ಗ್ರೆನ್ ಸಾನ್!” ಅಂತ ಕ್ರೂಸ್ ಪಾತ್ರದ ಹೆಸರು ಕೂಗಿ, ಅವನಿಗೆ ಬೀಳಬೇಕಿದ್ದ ಗುಂಡನ್ನು ತಾನು ತಿಂದು ಸಾಯುತ್ತಾನೆ.

ಹುಡುಕಿದಾಗ ಸೇಜೋ ಫುಕುಮೊತೊ ಅಂತ ಹೆಸರು ಸಿಕ್ಕಿತು. ‘ಐವತ್ತು ಸಾವಿರ ಸಲ ಕಡಿಸಿಕೊಂಡವ’ ಅಂತ ಜಪಾನಿನಲ್ಲಿ ಬಿರುದಂತೆ. ಸಮುರಾಯ್ ಚಿತ್ರಗಳಲ್ಲಿ ಹೀರೋ ಕೈಲಿ ಸಾಯುವುದೇ ಅವರ ಕೆಲಸ. ನನ್ನ ಪ್ರಶ್ನೆ ನೇರವಾದದ್ದು. ಜೀವಮಾನವೆಲ್ಲ ಸಾಯುವ ಪಾತ್ರ ಮಾಡಿದರೆ ಅದನ್ನು ನಟನ ಬದುಕು ಅನ್ನಬಹುದಾ? ಇಲ್ಲ, ಅವಕಾಶ ಸಿಗದೆ ಉಳಿದ ಒಬ್ಬ ಎಕ್ಸ್‌ಟ್ರಾ ಕಥೆಗೆ ನಾವು ಬಣ್ಣ ಬಳಿಯುತ್ತಿದ್ದೇವಾ?

ಕಪ್ಪುಬಿಳುಪು

ಅನ್ನಬಹುದು, ಧಾರಾಳವಾಗಿ ಅನ್ನಬಹುದು. ಸ್ವಲ್ಪ ಹಿನ್ನೆಲೆ ಹೇಳುತ್ತೇನೆ, ಆಮೇಲೆ ಜಗಳ ಆಡೋಣ.

ಫುಕುಮೊತೊ ಹುಟ್ಟಿದ್ದು 1943ರ ಫೆಬ್ರವರಿಯಲ್ಲಿ, ಹ್ಯೋಗೊ ಪ್ರಾಂತದ ಕಸುಮಿ ಅನ್ನುವ ಕಡಲತೀರದ ಊರಲ್ಲಿ. ಹದಿನೈದರ ವಯಸ್ಸಿಗೆ ಓದು ಬಿಟ್ಟು ಕ್ಯೋಟೊಗೆ ಬಂದರು. ನೆಂಟರ ಅಕ್ಕಿ ಅಂಗಡಿಯಲ್ಲಿ ಕೆಲಸ. ಆದರೆ ಹುಡುಗನಿಗೆ ಗಿರಾಕಿಗಳ ಹತ್ತಿರ ನಾಲ್ಕು ಮಾತಾಡಲು ಬಾರದು, ಭಾರಿ ಸಂಕೋಚ. ಅಂಗಡಿ ಇವನಿಗೆ ಆಗಿಬರಲ್ಲ ಅಂತ ನೆಂಟರೇ ಪರಿಚಯ ಹಿಡಿದು ತೊಯೇ ಸಿನಿಮಾ ಕಂಪನಿಯ ಕ್ಯೋಟೊ ಸ್ಟುಡಿಯೋಗೆ ಸೇರಿಸಿದರು. ನಟ ಆಗಬೇಕು ಅನ್ನುವ ಕನಸು ಕಟ್ಟಿಕೊಂಡು ಬಂದವರೇ ಅಲ್ಲ ಅವರು.

ಆ ಸ್ಟುಡಿಯೋ ಇರುವುದು ಕ್ಯೋಟೊದ ಪಶ್ಚಿಮಕ್ಕೆ, ಉಜುಮಸ ಅನ್ನುವ ಜಾಗದಲ್ಲಿ. 1950ರ ದಶಕದ ಕೊನೆ ಅಂದರೆ ತೊಯೇಗೆ ಸುಗ್ಗಿಯ ಕಾಲ. ಕತಾಓಕ ಚಿಯೆಜೊ, ಇಚಿಕಾವ ಉತಾಎಮೊನ್, ನಕಾಮುರ ಕಿನ್ನೊಸುಕೆ ಥರದ ಸ್ಟಾರ್‌ಗಳು, ವಾರ ವಾರ ಹೊಸ ಕತ್ತಿವರಸೆ ಚಿತ್ರ. ಅದಕ್ಕೆಲ್ಲ ಜನ ಬೇಕಲ್ವಾ? ಹೆಸರಿಲ್ಲದ ನಟರೆಲ್ಲ ಒಂದೇ ದೊಡ್ಡ ಕೋಣೆಯಲ್ಲಿ ಕೂತು ಮೇಕಪ್ ಮಾಡಿಕೊಂಡು, ಕರೆದಾಗ ಓಡಬೇಕು. ಇಂಥವರನ್ನು ‘ಓಬೆಯಾ’ ನಟರು ಅನ್ನುತ್ತಾರೆ. ನೂರಾರು ಜನ ಇದ್ದರು. ಫುಕುಮೊತೊ ಶುರು ಮಾಡಿದ್ದು ಅಲ್ಲಿಂದ. ದಾರಿಹೋಕ, ಹೆಣ, ಹೀರೋಗೆ ಬದಲಾಗಿ ಮಹಡಿಯಿಂದ ಬೀಳುವವನು, ಹೀಗೆ.

ಲೆಕ್ಕಪತ್ರ

ಐವತ್ತು ಸಾವಿರ ಅನ್ನುವುದು ನನಗೆ ನಂಬಿಕೆ ಬರುತ್ತಿಲ್ಲ. ಅರವತ್ತು ವರ್ಷ ಕೆಲಸ ಮಾಡಿದರು ಅಂತಲೇ ಹಿಡಿಯಿರಿ. ವರ್ಷಕ್ಕೆ ಎಂಟುನೂರಕ್ಕೂ ಜಾಸ್ತಿ ಸಾವು ಆಯಿತು. ಅಂದರೆ ದಿನಕ್ಕೆ ಎರಡಕ್ಕಿಂತ ಮೇಲೆ, ಒಂದು ದಿನ ರಜೆ ಇಲ್ಲದೆ. ಪತ್ರಿಕೆಯವರು ಉಬ್ಬಿಸಿದ ಸಂಖ್ಯೆ ಇದು.

ಕಪ್ಪುಬಿಳುಪು

@ಲೆಕ್ಕಪತ್ರ ಯಾರೂ ಪುಸ್ತಕ ಇಟ್ಟು ಬರೆದದ್ದಲ್ಲ, ಅದು ಅಂದಾಜು. ಆದರೆ ಆ ಫೈಟ್‌ಗಳು ಹೇಗೆ ನಡೆಯುತ್ತಿದ್ದವು ಅಂತ ನೋಡಿ. ಒಂದೇ ಹೊಡೆದಾಟದಲ್ಲಿ ಒಬ್ಬನೇ ಎರಡು ಮೂರು ಸಲ ಸಾಯುತ್ತಾನೆ. ಕಡಿಸಿಕೊಂಡು ಚೌಕಟ್ಟಿನಿಂದ ಆಚೆ ಉರುಳುತ್ತಾನೆ, ಎದ್ದು ಸುತ್ತು ಹಾಕಿಕೊಂಡು ಇನ್ನೊಂದು ಕಡೆಯಿಂದ ಹೊಸಬನ ಥರ ನುಗ್ಗುತ್ತಾನೆ. ಒಂದೇ ದಿನ ಎರಡು ಮೂರು ಸೆಟ್‌ಗೆ ಓಡುವುದೂ ಇತ್ತು. ಟಿವಿ ಧಾರಾವಾಹಿಗಳು ಬಂದ ಮೇಲಂತೂ ಪ್ರತಿ ಕಂತಿನ ಕೊನೆಗೆ ಒಂದು ದೊಡ್ಡ ಹೊಡೆದಾಟ ಖಾಯಂ. ರಿಹರ್ಸಲ್ಲು, ರೀಟೇಕು ಸೇರಿಸಿಕೊಂಡರೆ ನಿಮ್ಮ ‘ದಿನಕ್ಕೆ ಎರಡು’ ಅಷ್ಟೇನೂ ದೂರದ ಮಾತಲ್ಲ.

ಶೋಗುನ್ ಫ್ಯಾನ್

ಇಲ್ಲಿ ಇನ್ನೊಂದು ವಿಷಯ. ‘ಅಬರೆಂಬೊ ಶೋಗುನ್’ ಅಂತ ತೊಯೇದೇ ಒಂದು ಟಿವಿ ಸರಣಿ, 1978ರಲ್ಲಿ ಶುರುವಾಗಿ 2003ರವರೆಗೆ ಬಂತು. ಎಂಟನೇ ಶೋಗುನ್ (ಅಂದರೆ ದೇಶ ಆಳುವ ಸೇನಾಧಿಪತಿ) ಯೊಶಿಮುನೆ ವೇಷ ಮರೆಸಿಕೊಂಡು ಊರಲ್ಲಿ ಓಡಾಡುತ್ತಾನೆ. ಕೊನೆಗೆ ಕೆಟ್ಟ ಅಧಿಕಾರಿಯ ಮನೆಗೆ ಹೋಗಿ ತಾನು ಯಾರು ಅಂತ ಹೇಳುತ್ತಾನೆ. ಅವರು ಮೊದಲು ಮಂಡಿಯೂರುತ್ತಾರೆ, ಆಮೇಲೆ ‘ಇವನು ಶೋಗುನ್ ಅಲ್ಲ, ಕಡಿಯಿರಿ’ ಅಂತ ಆಳುಗಳನ್ನು ಬಿಡುತ್ತಾರೆ. ಆಗ ಶೋಗುನ್ ಪಾತ್ರದ ಮತ್ಸುದಾಯಿರ ಕೆನ್ ಕತ್ತಿ ಎತ್ತಿ ಹಿಡಿದು ಅದನ್ನು ಟಕ್ ಅಂತ ತಿರುಗಿಸುತ್ತಾರೆ. ಅಂದರೆ ಹೊಡೆಯುವುದು ಅಲಗಿನಿಂದಲ್ಲ, ಕತ್ತಿಯ ಬೆನ್ನಿನಿಂದ. ಮುಖ್ಯ ಖಳನನ್ನು ಮಾತ್ರ ಶೋಗುನ್‌ನ ಗೂಢಚಾರರು ಕೊಲ್ಲುತ್ತಾರೆ. ಹಾಗಾಗಿ ಆ ಸರಣಿಯಲ್ಲಿ ಬಿದ್ದ ಆಳುಗಳು ಸತ್ತಿಲ್ಲ, ಬರೀ ಪೆಟ್ಟು ತಿಂದಿದ್ದಾರೆ. ಐವತ್ತು ಸಾವಿರದಲ್ಲಿ ಅವನ್ನೂ ಸೇರಿಸಿದರೆ ನ್ಯಾಯ ಅಲ್ಲ.

ಲೆಕ್ಕಪತ್ರ

ನೋಡಿದ್ರಾ, ನಾನು ಹೇಳಿದ್ದೇ ಅದು.

ತುಂಗಭದ್ರಾ ತೀರ

ಸಂಖ್ಯೆ ಬಿಡಿ ಸ್ವಾಮಿ. ಅವರು ಬೀಳುವ ರೀತಿ ನೋಡಿದ್ದೀರಾ ಯಾರಾದರೂ? ಮಾತಾಡಬೇಕಾದ್ದು ಅದರ ಬಗ್ಗೆ.

ಸಾಮಾನ್ಯವಾಗಿ ಹೊಟ್ಟೆಗೆ ಏಟು ಬಿದ್ದವನು ಮುಂದಕ್ಕೆ ಬಾಗುತ್ತಾನೆ. ಫುಕುಮೊತೊ ಹಿಂದಕ್ಕೆ ಬಾಗುತ್ತಾರೆ. ಏಟು ಬಿದ್ದ ಕ್ಷಣ ಮೈ ಸೆಟೆದು ನಿಲ್ಲುತ್ತದೆ. ಬೆನ್ನು ಹಿಂದಕ್ಕೆ ಬಿಲ್ಲಾಗುತ್ತಾ ಹೋಗುತ್ತದೆ, ತಲೆ ಕೆಳಗಾಗುತ್ತದೆ, ಕಣ್ಣು ಬಿಟ್ಟೇ ಇರುತ್ತದೆ, ಬೆರಳುಗಳು ಗಾಳಿಯಲ್ಲಿ ಏನನ್ನೋ ಹಿಡಿಯಲು ಹೋಗುತ್ತವೆ. ಇನ್ನೇನು ಬಿದ್ದ ಅನ್ನುವಾಗ ಒಂದು ಗಳಿಗೆ ಹಾಗೇ ನಿಲ್ಲುತ್ತಾರೆ. ಆಮೇಲೆ ಧಡ್ ಅಂತ ನೆಲಕ್ಕೆ. ಕೈ ಊರಿ ಬೀಳುವುದಿಲ್ಲ. ಇದಕ್ಕೆ ‘ಎಬಿಜೋರಿ’ ಅನ್ನುತ್ತಾರೆ.

ಇದು ಸುಮ್ನೆ ಚಮತ್ಕಾರಕ್ಕೆ ಮಾಡಿದ್ದಲ್ಲ. ಹೀರೋ ಮುಖ ಕ್ಯಾಮೆರಾ ಕಡೆ ಇರುತ್ತದೆ, ಅವನ ಮೇಲೆ ನುಗ್ಗುವವರ ಬೆನ್ನು ಮಾತ್ರ ನಮಗೆ ಕಾಣುತ್ತದೆ. ಹಿಂದಕ್ಕೆ ಬಾಗಿದರೆ ಸಾಯುವವನ ಮುಖವೂ ಕ್ಯಾಮೆರಾಗೆ ಸಿಗುತ್ತದೆ, ತಲೆಕೆಳಗಾಗಿಯಾದರೂ ಸರಿ. ಹೀರೋನ ಜಾಗ ಕಿತ್ತುಕೊಳ್ಳದೆ ತನ್ನ ಮುಖ ತೋರಿಸುವ ಉಪಾಯ ಕಂಡುಕೊಂಡ ಮನುಷ್ಯ ಅವರು. ನನ್ನ ಮಟ್ಟಿಗೆ ಇದು ದೊಡ್ಡ ನಟನೆ.

ಮಲ್ಲಿಗೆಪುರ

ಬೆನ್ನುಮೂಳೆ ಗತಿ ಏನು!

ತುಂಗಭದ್ರಾ ತೀರ

@ಮಲ್ಲಿಗೆಪುರ ಅದಕ್ಕೇ ಎಲ್ಲರೂ ಮಾಡಲು ಆಗುವುದಿಲ್ಲ. ಎಪ್ಪತ್ತು ದಾಟಿದ ಮೇಲೂ ಅವರು ಇದನ್ನು ಮಾಡಿದ್ದಾರೆ. ಇನ್ನೊಂದು ಮಾತು: ಬೀಳುವುದನ್ನು ಅವರು ಕಲಿತದ್ದು ಚಾಪ್ಲಿನ್ ಚಿತ್ರಗಳನ್ನು ನೋಡಿ. ಜನ ನಗಬೇಕಾದರೂ ಸರಿ, ಬೆಚ್ಚಬೇಕಾದರೂ ಸರಿ, ಬಿದ್ದವನಿಗೆ ನಿಜವಾಗಿ ನೋವಾಗಿದೆ ಅಂತ ಅನ್ನಿಸಬೇಕು. ಚಾಪ್ಲಿನ್ ಹತ್ತಿರ ಅವರು ತೆಗೆದುಕೊಂಡದ್ದು ಅದನ್ನು.

ಹಳೇ ಟಾಕೀಸು

ನಾನು ಇದಕ್ಕೆ ಎದುರು ಮಾತಾಡುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ.

ಫುಕುಮೊತೊ ಕಲಾವಿದ, ಅದರಲ್ಲಿ ಎರಡು ಮಾತಿಲ್ಲ. ಆದರೆ ನಾವು ಆ ಕಲೆಯನ್ನು ಹೊಗಳುತ್ತಾ ವ್ಯವಸ್ಥೆಯನ್ನು ಮರೆಯುತ್ತಿದ್ದೇವೆ. ನೂರಾರು ಜನರನ್ನು ಒಂದು ಕೋಣೆಯಲ್ಲಿ ಕೂರಿಸಿ, ಬೇಕಾದಾಗ ಕರೆದು, ಪರದೆ ಮೇಲೆ ಹೆಸರು ಕೂಡ ಹಾಕದೆ ದುಡಿಸಿಕೊಂಡರು. ಅವರಲ್ಲಿ ಎಷ್ಟು ಜನರ ಹೆಸರು ನಮಗೆ ಗೊತ್ತು? ಒಬ್ಬ ಫುಕುಮೊತೊ ಹಾಲಿವುಡ್ ಚಿತ್ರದಲ್ಲಿ ಕಂಡರು ಅಂತ ಇವತ್ತು ಈ ಚರ್ಚೆ ನಡೆಯುತ್ತಿದೆ. ಅದೇ ಕೋಣೆಯಲ್ಲಿ ಕೂತಿದ್ದ ಉಳಿದವರು? ಕೈಕಾಲು ಮುರಿದುಕೊಂಡು ಬಿಟ್ಟುಹೋದವರು? ‘ವಿನಯ’, ‘ತಾಳ್ಮೆ’ ಅಂತ ನಾವು ಹೊಗಳುವಾಗ ಲಾಭ ಯಾರಿಗೆ ಅಂತಲೂ ಕೇಳಬೇಕು.

ಕಪ್ಪುಬಿಳುಪು

ಕೇಳಬೇಕಾದ ಪ್ರಶ್ನೆಯೇ. ಆದರೆ ಅಲ್ಲಿಂದ ಮೇಲೆ ಬಂದವರು ಇಲ್ಲವೇ ಇಲ್ಲ ಅಂತಲೂ ಅಲ್ಲ. ಕವಾತಾನಿ ತಕುಜೊ ಕಥೆ ನೋಡಿ. ಅವರೂ ತೊಯೇ ಕ್ಯೋಟೊದ ಓಬೆಯಾದವರೇ. 1960ರ ದಶಕದಲ್ಲಿ ಸಮುರಾಯ್ ಚಿತ್ರಗಳಿಗೆ ಜನ ಕಡಿಮೆಯಾದರು, ತೊಯೇ ಯಾಕುಜಾ, ಅಂದರೆ ಜಪಾನಿ ಗ್ಯಾಂಗ್‌ಸ್ಟರ್ ಚಿತ್ರಗಳ ಕಡೆ ತಿರುಗಿತು. ಕತ್ತಿ ಹಿಡಿದು ಸಾಯುತ್ತಿದ್ದವರೇ ಪಿಸ್ತೂಲಿಗೆ ಸಾಯಲು ಶುರು ಮಾಡಿದರು. 1973ರಲ್ಲಿ ಫುಕಸಾಕು ಕಿಂಜಿ ಹಿರೋಶಿಮಾ ಗ್ಯಾಂಗ್‌ಗಳ ಮೇಲೆ ಮಾಡಿದ ಸರಣಿಯ ಎರಡನೇ ಚಿತ್ರದಲ್ಲಿ ಕವಾತಾನಿಯನ್ನು ಹಗ್ಗ ಕಟ್ಟಿ ಮೋಟಾರ್ ಬೋಟಿನ ಹಿಂದೆ ಸಮುದ್ರದಲ್ಲಿ ಎಳೆಯುತ್ತಾರೆ. ಡ್ಯೂಪ್ ಇಲ್ಲ. ಆ ಒಂದು ದೃಶ್ಯದಿಂದ ಜನ ಅವರನ್ನು ಗುರುತು ಹಿಡಿದರು. ಮುಂದೆ 1975ರಲ್ಲಿ ಇಂಥ ನಟರೆಲ್ಲ ಸೇರಿ ‘ಪಿರಾನಾ ಗುಂಪು’ ಅಂತ ಕಟ್ಟಿಕೊಂಡರು. ಮುರೋತ ಹಿದೆಓ, ಶಿಗ ಮಸರು ಎಲ್ಲ ಅದರಲ್ಲಿದ್ದರು. ದೊಡ್ಡ ಮೀನುಗಳ ಮೇಲೆ ಚಿಕ್ಕವರು ಗುಂಪಾಗಿ ಬಿದ್ದ ಹಾಗೆ ಅಂತ ಅವರದ್ದೇ ಧೋರಣೆ.

ಹಳೇ ಟಾಕೀಸು

ನೀವೇ ನನ್ನ ವಾದ ಗಟ್ಟಿ ಮಾಡಿದಿರಿ. ಗುರುತು ಸಿಗಬೇಕಾದರೆ ಸಮುದ್ರದಲ್ಲಿ ಎಳೆಸಿಕೊಳ್ಳಬೇಕಾಯಿತು!

ಕಾವೇರಿ ಎಕ್ಸ್‌ಪ್ರೆಸ್

ನಮ್ಮಲ್ಲೂ ಟೈಗರ್ ಪ್ರಭಾಕರ್ ಫೈಟರ್ ಆಗಿ ಬಂದವರು ಅಲ್ವಾ? ಖಳನಾದರು, ಆಮೇಲೆ ಹೀರೋ ಆದರು. ಕವಾತಾನಿ ಕಥೆ ಓದಿ ಅವರೇ ನೆನಪಾದರು.

ಮಲ್ಲಿಗೆಪುರ

ಪ್ರಭಾಕರ್ ಬಗ್ಗೆ ಬೇರೆ ಚರ್ಚೆಯೇ ಮಾಡಬಹುದು. ಇಲ್ಲಿ ಶುರು ಮಾಡಿದರೆ ಜಪಾನಿಗೆ ವಾಪಸ್ ಬರಲ್ಲ ನಾವು.

ಒಸಾಕಾ ನಿವಾಸಿ

ನಾನು ಕೆಲಸದ ಮೇಲೆ ಒಸಾಕಾದಲ್ಲಿ ಇದ್ದೇನೆ. ಉಜುಮಸಕ್ಕೆ ಹೋಗಿದ್ದೆ, ಅದಕ್ಕೇ ಬರೆಯುತ್ತಿದ್ದೇನೆ. ಕ್ಯೋಟೊದಲ್ಲಿ ರಾನ್‌ದೆನ್ ಅಂತ ಪುಟ್ಟ ಟ್ರಾಮ್ ಓಡುತ್ತದೆ, ಅದರಲ್ಲಿ ಕೋರ್ಯೂಜಿ ದೇವಾಲಯದ ಹತ್ತಿರ ಇಳಿದರೆ ಸ್ಟುಡಿಯೋ ನಡೆದು ಹೋಗುವ ದೂರ. ಪಕ್ಕದಲ್ಲೇ ತೊಯೇದ ‘ಎಯ್‌ಗಮುರಾ’, ಅಂದರೆ ಸಿನಿಮಾ ಹಳ್ಳಿ. 1975ರಲ್ಲಿ ತೆರೆದದ್ದು. ಎದೋ ಕಾಲದ, ಅಂದರೆ ಶೋಗುನ್‌ಗಳ ಕಾಲದ ಬೀದಿ, ಸೇತುವೆ, ಅಂಗಡಿ ಸಾಲು ಎಲ್ಲ ಇದೆ.

ಅಲ್ಲಿ ಕತ್ತಿವರಸೆ ಪ್ರದರ್ಶನ ನೋಡಿದೆ. ಮುಗಿದ ಮೇಲೆ ಹತ್ತಿರ ಹೋದಾಗ ಒಬ್ಬ ನಟ ಕತ್ತಿ ತೋರಿಸಿದರು. ಬಿದಿರಿನ ಪಟ್ಟಿ, ಮೇಲೆ ಬೆಳ್ಳಿ ಬಣ್ಣದ ತೆಳು ಹಾಳೆ. ‘ತಕೆಮಿತ್ಸು’ ಅನ್ನುತ್ತಾರೆ. ತುದಿಯಲ್ಲಿ ಹಾಳೆ ಸುಲಿದು ಬಿದಿರು ಕಾಣುತ್ತಿತ್ತು. ಕೈಯಲ್ಲಿ ಹಿಡಿದರೆ ಏನೂ ತೂಕ ಇಲ್ಲ. ಆದರೆ ಐದು ನಿಮಿಷದ ಹಿಂದೆ ಅದೇ ಕತ್ತಿ ಉಕ್ಕಿನ ಥರ ಕಂಡಿತ್ತು. ತೂಕ ಪೂರ್ತಿ ನಟನ ಭುಜ, ಸೊಂಟದಲ್ಲಿ ಇರುತ್ತದೆ. ಅದೂ ಹೊಡೆಯುವವನಿಗಿಂತ ಹೊಡೆಸಿಕೊಳ್ಳುವವನ ಮೈಯಲ್ಲಿ ಜಾಸ್ತಿ. ಅವನು ಸರಿಯಾಗಿ ನಡುಗದಿದ್ದರೆ ಅದು ಬಿದಿರು ಅಂತ ಎಲ್ಲರಿಗೂ ಗೊತ್ತಾಗುತ್ತದೆ.

ಇನ್ನೊಂದು ಗಮನಿಸಿದ್ದು: ಕತ್ತಿ ಮೈಗೆ ತಾಗುವುದೇ ಇಲ್ಲ. ಎದೆ ಮುಂದೆ ಅಂಗೈ ಅಗಲದ ಜಾಗ ಬಿಟ್ಟು ಹಾದುಹೋಗುತ್ತದೆ. ನಾನು ಪಕ್ಕದಿಂದ ನೋಡುತ್ತಿದ್ದೆ, ಹಾಗಾಗಿ ಜಾಗ ಕಂಡಿತು. ಎದುರಿಗೆ ಕೂತವರಿಗೆ ಕಾಣುವುದಿಲ್ಲ.

ರಾತ್ರಿಶೋ

@ಒಸಾಕಾ ನಿವಾಸಿ ಇದು ತುಂಬಾ ಉಪಯೋಗ ಆಯಿತು. ಅಂದರೆ ಹೀರೋ ವೇಗ ಕೂಡ ಹೊಡೆಸಿಕೊಳ್ಳುವವರ ಲೆಕ್ಕಾಚಾರವೇ?

ತುಂಗಭದ್ರಾ ತೀರ

ಹೂಂ, ಬಹಳ ಮಟ್ಟಿಗೆ. ಮೊದಲು ನುಗ್ಗುವವರು ಅವರು. ಒಬ್ಬ ಬೀಳುತ್ತಿದ್ದ ಹಾಗೆ ಇನ್ನೊಬ್ಬ ಸರಿಯಾದ ಜಾಗಕ್ಕೆ ಬರಬೇಕು. ಅರ್ಧ ಹೆಜ್ಜೆ ತಡವಾದರೆ ಸ್ಟಾರ್ ಕತ್ತಿ ಹಿಡಿದು ಸುಮ್ಮನೆ ನಿಲ್ಲಬೇಕಾಗುತ್ತದೆ, ಅರ್ಧ ಹೆಜ್ಜೆ ಬೇಗ ಬಂದರೆ ಕಣ್ಣಿಗೆ ಕತ್ತಿ. ಸ್ಟಾರ್ ಮರೆತು ಬೇರೆ ಕಡೆ ಬೀಸಿದರೂ ಇವರು ಅದಕ್ಕೆ ಹೊಂದಿಕೊಂಡು ಸಾಯಬೇಕು. ಕಛೇರಿಯಲ್ಲಿ ಪಕ್ಕವಾದ್ಯದವರು ಹಾಡುಗಾರರನ್ನು ಎತ್ತಿ ಹಿಡಿಯುವ ಹಾಗೆ. ಹಾಡುಗಾರರು ತಾಳ ತಪ್ಪಿದರೂ ಸಭೆಗೆ ಗೊತ್ತಾಗಬಾರದು.

ಬಾಲವನ

ಮಧ್ಯೆ ಬಂದೆ. ಅಭಿಮಾನಿಗಳು ಪ್ರಚಾರ ಮಾಡಿ ಫುಕುಮೊತೊ ಅವರನ್ನು ‘ತೆತ್ಸುಕೊನೊ ಹೆಯಾ’ ಟಾಕ್ ಶೋಗೆ ಕರೆಸಿದರು ಅಂತ ಓದಿದ್ದೆ. ದೊಡ್ಡ ದೊಡ್ಡ ಸ್ಟಾರ್‌ಗಳು ಬರುವ ಕಾರ್ಯಕ್ರಮ ಅದು. ಅದನ್ನು ನಡೆಸುವವರು ಯಾರು ಗೊತ್ತಾ? ಕುರೊಯನಗಿ ತೆತ್ಸುಕೊ. ನಾವೆಲ್ಲ ಕನ್ನಡದಲ್ಲಿ ಓದಿ ಬೆಳೆದ ‘ತೊತ್ತೊ-ಚಾನ್’ ಬರೆದವರು!

ಕಾವೇರಿ ಎಕ್ಸ್‌ಪ್ರೆಸ್

ಅಯ್ಯೋ, ಹೌದಾ? ಆ ರೈಲು ಡಬ್ಬಿ ಶಾಲೆಯ ಹುಡುಗಿ? ನಮ್ಮ ಮನೆಯಲ್ಲಿ ಆ ಪುಸ್ತಕದ ರಟ್ಟು ಹರಿದುಹೋಗಿದೆ, ಅಷ್ಟು ಸಲ ಓದಿದ್ದೇವೆ.

ಬಾಲವನ

ಅವರೇ. ಆ ಟಾಕ್ ಶೋ 1976ರಿಂದ ನಡೆಯುತ್ತಿದೆ. ಟೊಮೊಎ ಶಾಲೆಯ ಹೆಡ್‌ಮಾಸ್ಟರ್ ಕೊಬಯಾಶಿ ಅವರು ಆ ಪುಟ್ಟ ಹುಡುಗಿ ಮಾತನ್ನು ಗಂಟೆಗಟ್ಟಲೆ ಕೇಳಿಸಿಕೊಂಡರಲ್ಲ, ಅವಳು ದೊಡ್ಡವಳಾಗಿ ಬೇರೆಯವರ ಮಾತು ಕೇಳುವುದನ್ನೇ ಕೆಲಸ ಮಾಡಿಕೊಂಡಳು. ಅವಳ ಎದುರು ಬಂದು ಕೂತವರಲ್ಲಿ ಅಕ್ಕಿ ಅಂಗಡಿಯಲ್ಲಿ ಮಾತಾಡಲು ಬಾರದೆ ಓಡಿಬಂದ ಈ ಹುಡುಗನೂ ಒಬ್ಬ.

ಏಳು ಸಮುರಾಯ್

ಪೋಷಕ ನಟರ ಮಾತು ಬಂದರೆ ನಿರ್ದೇಶಕ ಕುರೊಸಾವಾ ಬಿಟ್ಟು ಹೇಗೆ ಮಾತಾಡುತ್ತೀರಿ? ‘ಸೆವೆನ್ ಸಮುರಾಯ್’ (1954) ನೆನಪಿಸಿಕೊಳ್ಳಿ. ಅದರಲ್ಲಿ ನಟಿಸಿದ ಮಿಫುನೆ, ಶಿಮುರ ಎಲ್ಲರಿಗೂ ಗೊತ್ತು. ಕ್ಯೂಜೊ ಪಾತ್ರ ಮಾಡಿದ ಮಿಯಗುಚಿ ಸೇಜಿ? ಮಾತೇ ಆಡದ ಕತ್ತಿವೀರ. ನಿಜ ಜೀವನದಲ್ಲೂ ಕತ್ತಿವಿದ್ಯೆ ಅರೆದು ಕುಡಿದವರು ಇರಬೇಕು, ಅಷ್ಟು ಖಚಿತವಾಗಿ ನಿಲ್ಲುತ್ತಾರೆ.

ಕಪ್ಪುಬಿಳುಪು

@ಏಳು ಸಮುರಾಯ್ ಇಲ್ಲ, ಅದು ಹಾಗಲ್ಲ. ಮಿಯಗುಚಿ ಬುಂಗಾಕುಜಾ ನಾಟಕ ತಂಡದ ನಟ, ಕತ್ತಿವರಸೆಯ ಹಿನ್ನೆಲೆಯವರಲ್ಲ. ಆ ಪಾತ್ರ ಮೊದಲು ಮಿಫುನೆಗೆ ಅಂತ ಇತ್ತು. ಕಿಕುಚಿಯೊ ಪಾತ್ರ ಹುಟ್ಟಿದ ಮೇಲೆ ಮಿಫುನೆ ಆ ಕಡೆ ಹೋದರು. ಮಿಯಗುಚಿ ನಿಲ್ಲುವ ರೀತಿಯಲ್ಲೇ ಕತ್ತಿವೀರ ಕಾಣುತ್ತಾನೆ. ಮೊದಲ ದ್ವಂದ್ವದ ದೃಶ್ಯ ನೋಡಿ. ಎದುರಾಳಿ ಕೂಗಾಡುತ್ತಾನೆ, ಇವರು ಕತ್ತಿ ಕೆಳಮುಖವಾಗಿ ಹಿಡಿದು ಸುಮ್ಮನೆ ಕಾಯುತ್ತಾರೆ.

ಏಳು ಸಮುರಾಯ್

ಹಾಗಿದ್ದರೆ ಇನ್ನೂ ದೊಡ್ಡ ಮಾತು. ಅದೇ ಚಿತ್ರದಲ್ಲಿ ನಕಾದಾಯಿ ತತ್ಸುಯಾ ಕೆಲವೇ ಸೆಕೆಂಡು ಬೀದಿಯಲ್ಲಿ ನಡೆದು ಹೋಗುತ್ತಾರೆ. ಸಮುರಾಯ್ ಥರ ನಡೆಯಲು ಬರುತ್ತಿಲ್ಲ ಅಂತ ಕುರೊಸಾವಾ ಬೆಳಗ್ಗೆಯಿಂದ ಮಧ್ಯಾಹ್ನದವರೆಗೆ ನಡೆಸಿದರು. ಅದೇ ಹುಡುಗ ಮುಂದೆ ‘ಯೋಜಿಂಬೊ’ (1961), ‘ಸಂಜುರೊ’ (1962) ಎರಡರಲ್ಲೂ ಮಿಫುನೆಗೆ ಎದುರು ನಿಂತ. ‘ಸಂಜುರೊ’ ಕೊನೆಯಲ್ಲಿ ಎದೆಯಿಂದ ರಕ್ತ ಚಿಮ್ಮುತ್ತದಲ್ಲ, ಸಾಯುವ ದೃಶ್ಯ ಅಂದರೆ ಅದು.

ಮಲೆನಾಡ ಮಳೆ

ನನಗೆ ಕಾತೊ ದಾಯಿಸುಕೆ ಇಷ್ಟ. ‘ಸೆವೆನ್ ಸಮುರಾಯ್’ನಲ್ಲಿ ಶಿಚಿರೋಜಿ, ಶಿಮುರ ಪಾತ್ರದ ಹಳೆಯ ಜೊತೆಗಾರ. ‘ಯೋಜಿಂಬೊ’ದಲ್ಲಿ ಎರಡೂ ಹುಬ್ಬು ಒಂದಾಗಿರುವ ಆ ಪೆದ್ದ ತಮ್ಮ. ಇಬ್ಬರೂ ಒಬ್ಬನೇ ನಟ ಅಂತ ಹೇಳಿದರೆ ನನ್ನ ಗೆಳೆಯರು ನಂಬಲೇ ಇಲ್ಲ.

ಅವರ ಯುದ್ಧಕಾಲದ ಕಥೆ ಗೊತ್ತಾ? ಎರಡನೇ ಮಹಾಯುದ್ಧದಲ್ಲಿ ಸೈನಿಕನಾಗಿ ನ್ಯೂ ಗಿನಿಗೆ ಹೋದರು. ಮನೊಕ್ವಾರಿ ಅನ್ನುವ ಜಾಗ. ಊಟ ಇಲ್ಲ, ಮಲೇರಿಯಾ, ದಿನಾ ಜನ ಸಾಯುತ್ತಿದ್ದಾರೆ. ಅಲ್ಲಿ ಇವರು ನಾಟಕ ತಂಡ ಕಟ್ಟಿದರು. ಸೈನಿಕರೇ ನಟರು. ಒಂದು ನಾಟಕದಲ್ಲಿ ಕಾಗದದ ಚೂರುಗಳನ್ನು ಹಿಮದ ಥರ ಉದುರಿಸಿದಾಗ, ಹಿಮ ಬೀಳುವ ಉತ್ತರ ಜಪಾನಿನಿಂದ ಬಂದ ಸೈನಿಕರು ಕೂತಲ್ಲೇ ಅತ್ತರು. ಇದನ್ನು ಕಾತೊ ಆಮೇಲೆ ಪುಸ್ತಕವಾಗಿ ಬರೆದರು, 1961ರಲ್ಲಿ ಚಿತ್ರವೂ ಆಯಿತು, ಅದರಲ್ಲಿ ಅವರೇ ನಟಿಸಿದರು. ಪೋಷಕ ನಟ ಅಂದರೆ ‘ಪಕ್ಕಕ್ಕೆ ನಿಲ್ಲುವವನು’ ಅಂತ ತಿಳಿದವರು ಕಾತೊ ಬಗ್ಗೆ ಓದಬೇಕು.

ಲೆಕ್ಕಪತ್ರ

ಇದೆಲ್ಲ ಚೆನ್ನಾಗಿದೆ, ಆದರೆ ಕಾತೊ, ಮಿಯಗುಚಿ, ನಕಾದಾಯಿ ಎಲ್ಲರಿಗೂ ಪಾತ್ರ ಇತ್ತು, ಹೆಸರಿತ್ತು, ಸಂಭಾಷಣೆ ಇತ್ತು. ಫುಕುಮೊತೊಗೆ ಅದ್ಯಾವುದೂ ಇರಲಿಲ್ಲ. ಎರಡನ್ನೂ ಒಂದೇ ತಕ್ಕಡಿಯಲ್ಲಿ ಇಡಬೇಡಿ.

ಕಪ್ಪುಬಿಳುಪು

ಆ ವ್ಯತ್ಯಾಸ ಸರಿ. ಅದಕ್ಕೇ ಫುಕುಮೊತೊ ಕಥೆಯ ಕೊನೆಯ ಭಾಗ ನನಗೆ ಮುಖ್ಯ ಅನ್ನಿಸುವುದು. 2003ರಲ್ಲಿ ಅರವತ್ತು ತುಂಬಿ ತೊಯೇಯಿಂದ ನಿವೃತ್ತಿ ಆದರು. ಆಮೇಲೆ ಕಾಂಟ್ರಾಕ್ಟ್ ಮೇಲೆ ಮುಂದುವರಿದರು. ‘ಲಾಸ್ಟ್ ಸಮುರಾಯ್’ ಬಂದದ್ದೂ ಅದೇ ವರ್ಷ. ನಲವತ್ತಕ್ಕೂ ಹೆಚ್ಚು ವರ್ಷ ಬೆನ್ನು ತೋರಿಸಿದ ಮನುಷ್ಯನ ಮುಖ ಆಗ ಜಗತ್ತಿಗೆಲ್ಲ ಗೊತ್ತಾಯಿತು.

ಆಮೇಲೆ 2014ರಲ್ಲಿ ‘ಉಜುಮಸ ಲೈಮ್‌ಲೈಟ್’. ಓಚಿಯಾಯಿ ಕೆನ್ ನಿರ್ದೇಶನ. ಎಪ್ಪತ್ತು ದಾಟಿದ ವಯಸ್ಸಿನಲ್ಲಿ ಮೊದಲ ಬಾರಿಗೆ ಮುಖ್ಯ ಪಾತ್ರ. ಪಾತ್ರವೂ ಅಷ್ಟೇ, ಜೀವನವಿಡೀ ಕತ್ತಿಗೆ ಬಿದ್ದ ಒಬ್ಬ ಮುದಿ ನಟ. ಟಿವಿ ಧಾರಾವಾಹಿ ನಿಂತುಹೋಗಿ ಸಿನಿಮಾ ಹಳ್ಳಿಯ ಪ್ರದರ್ಶನಕ್ಕೆ ತಳ್ಳಿಸಿಕೊಂಡವನು, ಒಬ್ಬ ಹುಡುಗಿಗೆ ವಿದ್ಯೆ ಹೇಳಿಕೊಡುತ್ತಾನೆ. ಕಥೆ ಬರೆದ ಓನೊ ಹಿರೊಯುಕಿ ಚಾಪ್ಲಿನ್ ಬಗ್ಗೆ ಕೆಲಸ ಮಾಡಿದ ವಿದ್ವಾಂಸ, ಹಾಗಾಗಿ ಹೆಸರಿನಲ್ಲೇ ಚಾಪ್ಲಿನ್‌ನ ‘ಲೈಮ್‌ಲೈಟ್’ ಚಿತ್ರದ ನೆನಪಿದೆ. ಮಾಂಟ್ರಿಯಲ್‌ನ ಫ್ಯಾಂಟೇಷಿಯಾ ಚಿತ್ರೋತ್ಸವದಲ್ಲಿ ಫುಕುಮೊತೊಗೆ ಅತ್ಯುತ್ತಮ ನಟ ಪ್ರಶಸ್ತಿ ಬಂತು.

ಹಳೇ ಟಾಕೀಸು

ಆ ಚಿತ್ರ ನೋಡಿದ್ದೇನೆ. ಚೆನ್ನಾಗಿದೆ, ಆದರೆ ಸ್ಟುಡಿಯೋ ಮೇಲೆ ಸಿಟ್ಟು ಬರಬೇಕಾದ ಕಡೆ ಬರೀ ಮರುಕ ಹುಟ್ಟಿಸುತ್ತದೆ. ಮುದುಕನನ್ನು ಹೊರಗೆ ಹಾಕಿದವರು ಯಾರು ಅಂತ ಅದು ಗಟ್ಟಿಯಾಗಿ ಕೇಳುವುದಿಲ್ಲ. ಫುಕುಮೊತೊ ಮುಖ ಮಾತ್ರ ಕೇಳುತ್ತದೆ, ಒಪ್ಪುತ್ತೇನೆ.

ಶೋಗುನ್ ಫ್ಯಾನ್

ಧಾರಾವಾಹಿ ನಿಂತದ್ದು ಬರೀ ಸ್ಟುಡಿಯೋ ತಪ್ಪಲ್ಲ. ‘ಮಿತೊ ಕೋಮೊನ್’ 1969ರಿಂದ ಬರುತ್ತಿದ್ದ ಸಮುರಾಯ್ ಕಾಲದ ಟಿವಿ ಸರಣಿ, 2011ರ ಡಿಸೆಂಬರ್‌ನಲ್ಲಿ ಮುಗಿಯಿತು. ನೋಡುವವರು ವಯಸ್ಸಾದವರೇ ಆದರು, ಜಾಹೀರಾತಿನವರಿಗೆ ಅವರು ಬೇಡ. ಸೆಟ್, ವಿಗ್ಗು, ಕುದುರೆ, ಉಡುಪು ಎಲ್ಲಕ್ಕೂ ದುಡ್ಡು. ವಾರ ವಾರ ಬರುತ್ತಿದ್ದ ಹೊಡೆದಾಟ ನಿಂತರೆ ಹೊಸ ಹುಡುಗರು ಬೀಳುವುದನ್ನು ಕಲಿಯುವುದಾದರೂ ಎಲ್ಲಿ?

ಹಳೇ ಟಾಕೀಸು

ಅದೇ ಅಲ್ವಾ ನಾನು ಕೇಳುತ್ತಿರುವುದು. ಅರವತ್ತು ವರ್ಷ ಕಟ್ಟಿದ ವಿದ್ಯೆಯನ್ನು ಜಾಹೀರಾತು ಲೆಕ್ಕದ ಮೇಲೆ ಬಿಟ್ಟರೆ ಹೀಗೇ ಆಗುವುದು.

ಒಸಾಕಾ ನಿವಾಸಿ

ಪೂರ್ತಿ ಸತ್ತಿಲ್ಲ. ಕತ್ತಿವರಸೆಯವರ ‘ತೊಯೇ ಕೆನ್‌ಕಾಯಿ’ ಅಂತ ಒಂದು ಸಂಘ ಇದೆ, ಫುಕುಮೊತೊ ಕೂಡ ಅದರವರೇ. ಹಳಬರು ಹೊಸಬರಿಗೆ ಹೇಳಿಕೊಡುತ್ತಾರೆ.

‘ಸಮುರಾಯ್ ಟೈಮ್ ಸ್ಲಿಪ್ಪರ್’ ಯಾರಾದರೂ ನೋಡಿದ್ರಾ? 2024ರಲ್ಲಿ ಟೋಕಿಯೊದ ಒಂದೇ ಒಂದು ಚಿತ್ರಮಂದಿರದಲ್ಲಿ ಬಿಡುಗಡೆಯಾಗಿ, ಬಾಯಿಂದ ಬಾಯಿಗೆ ಸುದ್ದಿ ಹರಡಿ ದೇಶದ ತುಂಬ ಓಡಿತು. ನಿರ್ದೇಶಕ ಯಸುದ ಜುನ್‌ಇಚಿ ಭತ್ತ ಬೆಳೆಯುವ ರೈತ ಕೂಡ. ತನ್ನ ಕಾರು ಮಾರಿ ದುಡ್ಡು ಹಾಕಿದ್ದಾರೆ. ಐಜು ಪ್ರಾಂತದ ಹಳೇ ಕಾಲದ ಸಮುರಾಯ್ ಒಬ್ಬ ಸಿಡಿಲು ಹೊಡೆದು ಈ ಕಾಲದ ಕ್ಯೋಟೊ ಸ್ಟುಡಿಯೋಗೆ ಬಂದು ಬೀಳುತ್ತಾನೆ, ಹೊಟ್ಟೆಪಾಡಿಗೆ ಸಿನಿಮಾದಲ್ಲಿ ಕಡಿಸಿಕೊಳ್ಳುವ ಪಾತ್ರ ಮಾಡುತ್ತಾನೆ. ತೊಯೇ ಕ್ಯೋಟೊದವರೇ ಸಹಾಯ ಮಾಡಿದ್ದಾರೆ. 2025ರಲ್ಲಿ ಜಪಾನ್ ಅಕಾಡೆಮಿಯ ಅತ್ಯುತ್ತಮ ಚಿತ್ರ ಪ್ರಶಸ್ತಿ ಬಂತು.

ಅದರಲ್ಲಿ ಕತ್ತಿವರಸೆ ಗುರುವಿನ ಪಾತ್ರ ಇದೆ. ಅದು ಫುಕುಮೊತೊ ಅವರಿಗೇ ಅಂತ ಇಟ್ಟ ಪಾತ್ರ. ಆದರೆ 2021ರ ಜನವರಿ 1ರಂದು ಶ್ವಾಸಕೋಶದ ಕ್ಯಾನ್ಸರ್‌ನಿಂದ ಅವರು ತೀರಿಕೊಂಡರು, 77 ವರ್ಷ. ಅವರ ಕಿರಿಯ ಜೊತೆಗಾರ ಮಿನೆ ರಂತಾರೊ ಆ ಪಾತ್ರ ಮಾಡಿದರು. ಚಿತ್ರ ಮುಗಿದಾಗ ಪರದೆ ಮೇಲೆ ಫುಕುಮೊತೊ ಹೆಸರು ಬರುತ್ತದೆ.

ಮಲ್ಲಿಗೆಪುರ

ಹೆಸರು ಹಾಕಿದರಲ್ಲ, ಅಷ್ಟು ಸಾಕು ನನಗೆ.

ಹಳೇ ಟಾಕೀಸು

ನನಗೆ ಸಾಲದು. ಬದುಕಿದ್ದಾಗ ಪ್ರತಿ ಚಿತ್ರದಲ್ಲೂ ಹಾಕಬೇಕಿತ್ತು. ಅವರದ್ದು ಮಾತ್ರ ಅಲ್ಲ, ಕೋಣೆಯಲ್ಲಿ ಕೂತವರೆಲ್ಲರದ್ದು.

ಬಾಲವನ

ಜಪಾನಿನ ಸಾರ್ವಜನಿಕ ಟಿವಿ ವಾಹಿನಿ ಎನ್‌ಎಚ್‌ಕೆಯ ಬೆಳಗಿನ ಧಾರಾವಾಹಿ ‘ಕಮ್ ಕಮ್ ಎವ್ರಿಬಡಿ’ (2021-22) ನೋಡಿದವರಿದ್ದರೆ, ಅದರಲ್ಲಿ ಮತ್ಸುಶಿಗೆ ಯುತಕ ಮಾಡಿದ ಮುದಿ ಓಬೆಯಾ ನಟನ ಪಾತ್ರ ಗಮನಿಸಿ. ಫುಕುಮೊತೊ ಅವರನ್ನೇ ನೆನಪಿಸುತ್ತದೆ.

ರಾತ್ರಿಶೋ

ಎಲ್ಲರಿಗೂ ಥ್ಯಾಂಕ್ಸ್. ಎಬಿಜೋರಿ ಬಗ್ಗೆ ಓದಿದ ಮೇಲೆ ‘ಎಕ್ಸ್‌ಟ್ರಾ’ ಅನ್ನುವ ಪದ ನಾನು ಇನ್ನು ಬಳಸಲ್ಲ. ಆದರೆ ಹಳೇ ಟಾಕೀಸು ಹೇಳಿದ್ದನ್ನೂ ಬಿಡಲ್ಲ. ಒಂದು ವಿದ್ಯೆ ದೊಡ್ಡದು ಅಂತ ಒಪ್ಪಿದ ಮೇಲೆ ಅದನ್ನು ಮಾಡಿದವರಿಗೆ ಹೆಸರು, ಕೂಲಿ ಸರಿಯಾಗಿ ಸಿಕ್ಕಿತಾ ಅಂತ ಕೇಳುವುದು ಇನ್ನೂ ಜಾಸ್ತಿ ಮುಖ್ಯ ಆಗುತ್ತದೆ. ಈ ವಾರ ‘ಉಜುಮಸ ಲೈಮ್‌ಲೈಟ್’ ನೋಡುತ್ತೇನೆ. ಟಿವಿ ಸರಣಿಗಳಲ್ಲಿ ಅವರನ್ನು ಗುರುತು ಹಿಡಿಯುವುದು ಹೇಗೆ ಅಂತ ಯಾರಾದರೂ ಹೇಳಿ.

ಶೋಗುನ್ ಫ್ಯಾನ್

@ರಾತ್ರಿಶೋ ಸುಲಭ. ‘ಅಬರೆಂಬೊ ಶೋಗುನ್’ ಯಾವುದಾದರೂ ಕಂತಿನ ಕೊನೆಯ ಹೊಡೆದಾಟಕ್ಕೆ ಹೋಗಿ. ಮತ್ಸುದಾಯಿರ ಕೆನ್ ಕಡೆ ನೋಡಬೇಡಿ. ಸಣಕಲು ಮೈ, ಕುಳಿ ಕೆನ್ನೆ, ಉಳಿದವರಿಗಿಂತ ಒಂದು ಗಳಿಗೆ ತಡವಾಗಿ ಬೀಳುವವನು ಯಾರು ನೋಡಿ. ಸಿಕ್ಕಿದರೆ ಕಂತಿನ ನಂಬರ್ ಇಲ್ಲಿ ಹಾಕಿ, ಲೆಕ್ಕಪತ್ರ ಅವರು ಎಣಿಸಲು ಶುರು ಮಾಡಲಿ.

ಲೆಕ್ಕಪತ್ರ

ಹಾಕಿ, ಎಣಿಸುತ್ತೇನೆ. ಕತ್ತಿಯ ಬೆನ್ನಿನಿಂದ ಬಿದ್ದವನ್ನು ಬೇರೆ ಪಟ್ಟಿಯಲ್ಲಿ ಬರೆಯುತ್ತೇನೆ.